ಮಾತುಕತೆಗೆ ಹತ್ತು ಸಾವಿರ ಪೌಂಡ್

ಅಲ್ಲ ರಾಯರೇ, ಈ ಕಾಂಪೌಂಡ್ ಗೋಡೆಗೆ ಒರಗಿಕೊಂಡು ನಾವು ದಿನಾ ಮಾಡ್ತೀವಲ್ಲ, ಇದಕ್ಕೆ ಇಂಗ್ಲಿಷಿನಲ್ಲಿ ಕಾನ್ವರ್ಸೇಷನ್ ಅಂತಾರೆ. ಅದರ ಮುಂದೆ ಒಂದು ‘ಕ್ರಿಮಿನಲ್’ ಸೇರಿಸಿ ನೋಡಿ. ಹದಿನೆಂಟನೇ ಶತಮಾನದ ಲಂಡನ್ನಿನಲ್ಲಿ ಕ್ರಿಮಿನಲ್ ಕಾನ್ವರ್ಸೇಷನ್ ಅಂದರೆ ಇನ್ನೊಬ್ಬನ ಹೆಂಡತಿಯ ಜೊತೆ ಮಲಗೋದು. ಬಾಯಿಬಿಟ್ಟು ಹೇಳೋಕೆ ಕೋರ್ಟಿಗೆ ಸಂಕೋಚ. ಅಚ್ಚುಕೂಟದವರಿಗೆ ಅದೇನೂ ಇರಲಿಲ್ಲ; ‘ಕ್ರಿಮ್ ಕಾನ್’ ಅಂತ ಮೊಟಕು ಮಾಡಿಕೊಂಡು ವಿಚಾರಣೆಯ ವಿವರವನ್ನೆಲ್ಲ ಪುಸ್ತಕ ಮಾಡಿ ಮಾರುತ್ತಿದ್ದರು.

ಜೈಲು ಎಷ್ಟು ವರ್ಷ ಅಂತೀರಾ? ಜೈಲೂ ಇಲ್ಲ, ಗೀಲೂ ಇಲ್ಲ. ಹೆಸರು ಕ್ರಿಮಿನಲ್, ದಾವೆ ಸಿವಿಲ್. ಪಕ್ಕದವನ ಎಮ್ಮೆ ಗದ್ದೆಗೆ ನುಗ್ಗಿದರೆ ನಷ್ಟ ಕೇಳೋ ಹಾಗೆ ಗಂಡ ಆ ಇನ್ನೊಬ್ಬನ ಹತ್ತಿರ ಪರಿಹಾರ ಕೇಳಬೇಕು. ಹೆಂಡತಿ? ಅವಳು ವಾದಿಯೂ ಅಲ್ಲ, ಪ್ರತಿವಾದಿಯೂ ಅಲ್ಲ, ಸಾಕ್ಷಿಕಟ್ಟೆ ಹತ್ತೋ ಹಾಗೂ ಇಲ್ಲ. ಕಾನ್ವರ್ಸೇಷನ್ ಅಂತ ಹೆಸರಿಟ್ಟು ಅವಳೊಬ್ಬಳಿಗೇ ಮಾತಿಲ್ಲ ಅಂದುಬಿಟ್ಟರು ನೋಡಿ.

ರೇಟೂ ಕಡಿಮೆಯದಲ್ಲ. 1770ರಲ್ಲಿ ಲಾರ್ಡ್ ಗ್ರೋವನರ್ ಕೇಸು ಹಾಕಿದ್ದು ಸಾಕ್ಷಾತ್ ದೊರೆ ಮೂರನೇ ಜಾರ್ಜನ ತಮ್ಮ, ಕಂಬರ್ಲೆಂಡ್ ಡ್ಯೂಕನ ಮೇಲೆ. ತೀರ್ಪು, ಹತ್ತು ಸಾವಿರ ಪೌಂಡ್. ಡ್ಯೂಕನ ಕೈಯಲ್ಲಿ ಅಷ್ಟು ದುಡ್ಡಿಲ್ಲ. ಅಣ್ಣನ ಮುಂದೆ ನಿಂತ. ಅಣ್ಣ ಪ್ರಧಾನಿ ಲಾರ್ಡ್ ನಾರ್ತ್‌ಗೆ ಹೇಳಿ ಹಣ ಹೊಂದಿಸಿದ.

ನನಗೆ ಇಷ್ಟವಾದದ್ದು ಮಾತ್ರ 1782ರ ಕೇಸು. ಸರ್ ರಿಚರ್ಡ್ ವರ್ಸ್ಲಿ ಅಂತ ಒಬ್ಬ ಸಾಹೇಬ, ಐಲ್ ಆಫ್ ವೈಟ್ ದ್ವೀಪದ ಗವರ್ನರ್. ಅವನ ಹೆಂಡತಿ ಸೇಮೂರ್, ಗಂಡನ ಸ್ನೇಹಿತ ಕ್ಯಾಪ್ಟನ್ ಬಿಸೆಟ್ ಜೊತೆ ಹೊರಟುಹೋದಳು. ಸಾಹೇಬ ಇಪ್ಪತ್ತು ಸಾವಿರ ಪೌಂಡ್ ಕೇಳಿದ. ಆಗ ಈ ಹೆಂಗಸು ಮಾಡಿದ ಉಪಾಯ ಕೇಳಿ. ತಾನು ಮಾತಾಡೋ ಹಾಗಿಲ್ಲ, ಸರಿ. ತನ್ನ ಹಳೇ ಪ್ರೇಮಿಗಳನ್ನೇ ಸಾಕ್ಷಿಗೆ ಕರೆಸಿದಳು! ಮಾನ ಹೋದರೆ ಹೋಗಲಿ, ಗಂಡನಿಗೆ ದುಡ್ಡು ಸಿಗಬಾರದು. ಮೇಡ್‌ಸ್ಟೋನ್ ಊರಿನ ಸ್ನಾನಗೃಹದ ಆಯಾ ಬೇರೆ ಬಂದು ಹೇಳಿದಳು: ಅಮ್ಮಾವರು ಒಳಗೆ ಬಟ್ಟೆ ಹಾಕಿಕೊಳ್ಳುತ್ತಿದ್ದಾಗ ಯಜಮಾನರೇ ಬಿಸೆಟ್‌ನನ್ನು ಹೆಗಲ ಮೇಲೆ ಹತ್ತಿಸಿಕೊಂಡು ಕಿಟಕಿಯಲ್ಲಿ ಇಣುಕಿಸಿದರು ಅಂತ. ಆಮೇಲೆ ಜ್ಯೂರಿ ಏನು ಮಾಡಬೇಕು? ತಪ್ಪು ನಡೆದದ್ದು ನಿಜ ಅಂದಿತು, ಪರಿಹಾರ ಒಂದು ಶಿಲ್ಲಿಂಗ್ ಅಂದಿತು. ಆಕೆಯ ಚಿತ್ರ ಈಗಲೂ ಹೇರ್‌ವುಡ್ ಬಂಗಲೆಯ ಗೋಡೆ ಮೇಲಿದೆ, ಜೋಷುವಾ ರೆನಾಲ್ಡ್ಸ್ ಬರೆದದ್ದು. ಕಡುಗೆಂಪು ಸವಾರಿ ಉಡುಪು, ಗಂಡನ ಪಡೆಯ ಯೂನಿಫಾರ್ಮ್ ಮಾದರಿಯದೇ!

ಎಲ್ಲರಿಗೂ ಆ ಧೈರ್ಯ ಎಲ್ಲಿಂದ ಬರಬೇಕು. 1836ರಲ್ಲಿ ಜಾರ್ಜ್ ನಾರ್ಟನ್ ಎಂಬುವನು ಪ್ರಧಾನಿ ಮೆಲ್ಬರ್ನ್ ಮೇಲೆಯೇ ಇದೇ ದಾವೆ ಹಾಕಿದ. ಜ್ಯೂರಿ ಎದ್ದು ಒಳಗೂ ಹೋಗದೆ ಕೂತಲ್ಲೇ ಕೇಸು ವಜಾ ಮಾಡಿತು. ಪ್ರಧಾನಿ ಕುರ್ಚಿ ಉಳಿಯಿತು. ನಾರ್ಟನ್ನನ ಹೆಂಡತಿ ಕ್ಯಾರೊಲಿನ್‌ಗೆ ಮಾತ್ರ ಮಕ್ಕಳು ಕೈತಪ್ಪಿದರು, ಕಾನೂನಿನಲ್ಲಿ ಮಕ್ಕಳು ಅಪ್ಪನ ಸೊತ್ತು. ಅವಳು ಸುಮ್ಮನೆ ಕೂರಲಿಲ್ಲ, ಬರೆದಳು, ಕಾಡಿದಳು. 1839ರಲ್ಲಿ ಮಕ್ಕಳ ಬಗ್ಗೆ ಕಾಯಿದೆ ಬಂತು. 1857ರಲ್ಲಿ ಇಂಗ್ಲೆಂಡಿನಲ್ಲಿ ಕ್ರಿಮ್ ಕಾನ್ ದಾವೆಯೇ ರದ್ದಾಯಿತು.

ಇನ್ನು ನಮ್ಮ ಭಾಗ್ಯ. ಅಲ್ಲಿ ರದ್ದಾಗಿ ಮೂರು ವರ್ಷಕ್ಕೆ, 1860ರಲ್ಲಿ, ನಮಗೆ ಪೀನಲ್ ಕೋಡಿನ 497ನೇ ಸೆಕ್ಷನ್ ಬಂತು. ಇದು ಬರೀ ಹೆಸರಿಗಲ್ಲ, ನಿಜವಾಗಿಯೂ ಕ್ರಿಮಿನಲ್. ಐದು ವರ್ಷದವರೆಗೆ ಜೈಲು. ಹೆಂಡತಿಗೆ ಶಿಕ್ಷೆ ಇಲ್ಲ. ದೊಡ್ಡ ಕರುಣೆ ಅಂದುಕೊಳ್ಳಬೇಡಿ, ಗಂಡನ ಒಪ್ಪಿಗೆ ಇದ್ದರೆ ಅದು ಅಪರಾಧವೇ ಅಲ್ಲ ಅಂತಲೂ ಅದರಲ್ಲೇ ಬರೆದಿತ್ತು. ಗದ್ದೆ ಯಜಮಾನನೇ ಗೇಟು ತೆಗೆದ ಮೇಲೆ ಎಮ್ಮೆ ತಪ್ಪೇನು? ಸುಪ್ರೀಂ ಕೋರ್ಟು ಅದನ್ನು ತೆಗೆದುಹಾಕಲು 2018 ಬರಬೇಕಾಯಿತು.

ಪೇಪರಿನವರಿಗೆ ಇನ್ನೂ ಸುದ್ದಿ ಮುಟ್ಟಿಲ್ಲ ಅಂತ ಕಾಣುತ್ತೆ. ಅಕ್ರಮ ಮರಳು, ಅಕ್ರಮ ಮದ್ಯ, ಅಕ್ರಮ ಸಂಬಂಧ ಅಂತ ಒಂದೇ ಉಸಿರಿನಲ್ಲಿ ಅಚ್ಚು ಹಾಕ್ತಾರೆ. ಮರಳಾದರೆ ಲಾರಿನಾದರೂ ಜಪ್ತಿ ಮಾಡಬಹುದು ರಾಯರೇ, ಇದರಲ್ಲಿ ಏನು ಜಪ್ತಿ ಮಾಡ್ತಾರೆ?