ಸರ್ಕ್ಯೂಟ್ ರಾಯರು

ಬಡಾವಣೆಗೊಬ್ಬ ಸರ್ಕ್ಯೂಟ್ ರಾಯರು ಇದ್ದೇ ಇರುತ್ತಾರೆ. ಕಾರ್ಖಾನೆಯಿಂದ ನಿವೃತ್ತರು, ಸಾಲ್ಡರಿಂಗ್ ಐರನ್‌ನಿಂದ ಅಲ್ಲ. ಅವರ ಮನೆಯಲ್ಲಿ ಸಾಂಬ್ರಾಣಿಗಿಂತ ರೋಸಿನ್ ಹೊಗೆಯೇ ಹೆಚ್ಚು. ದೇವರ ಗೂಡಿನ ಪಕ್ಕದ ಕಪಾಟಿನಲ್ಲಿ ಅವೆನ್ಯೂ ರಸ್ತೆಯಲ್ಲಿ ಚೌಕಾಸಿ ಮಾಡಿ ತಂದ ಹಳೆಯ ಸರ್ಕ್ಯೂಟ್ ಪುಸ್ತಕಗಳು: ರಟ್ಟು ಕಿತ್ತಿದೆ, ಪುಟಗಳ ಮೇಲೆ ಸಾಲ್ಡರ್ ಬಿದ್ದ ಸುಟ್ಟ ಕಲೆ. ಎರವಲು ಕೇಳಿದರೆ, "ಇಲ್ಲೇ ಕೂತು ಬರ್ಕೊಳ್ಳಿ, ಕಾಫಿ ಮಾಡಿಸ್ತೀನಿ" ಎನ್ನುತ್ತಾರೆ.

ಯಾರು ಯಾವ ಕಷ್ಟ ಹೇಳಿಕೊಂಡರೂ ಅದಕ್ಕೊಂದು ಸರ್ಕ್ಯೂಟ್ ತೆಗೆಯುತ್ತಾರೆ. ಇಲಿ ಕಾಟವೇ? ಇದೆ. ರಾತ್ರಿ ಗೇಟಿನ ದೀಪ ತಾನೇ ಹತ್ತಬೇಕೆ? ಇದೆ. ಮಗಳಿಗೆ ಗಂಡು ಕೂಡಿಬರುತ್ತಿಲ್ಲ ಎಂದು ಎದುರುಮನೆಯವರು ಅಲವತ್ತುಕೊಂಡಾಗಲೂ ರಾಯರ ಕೈ ಅಭ್ಯಾಸಬಲದಿಂದ ವಿಷಯಸೂಚಿಯ ಪುಟಕ್ಕೆ ಹೋಗಿತ್ತಂತೆ.

ಎಂಜಿನಿಯರಿಂಗ್ ಓದುವ ತಂಗಿಯ ಮಗನಿಗೆ ಇದೆಲ್ಲ ತಮಾಷೆ. "ಮಾವ, ಈ ಪುಸ್ತಕ ನಾನು ಹುಟ್ಟೋಕೆ ಮುಂಚಿನದು!"

"555 ಐಸಿನೂ ಹಾಗೇ ಕಣೋ. ಹ್ಯಾನ್ಸ್ ಕ್ಯಾಮೆನ್‌ಜಿಂಡ್ ರೂಪಿಸಿದ್ದು, 1972ರಲ್ಲಿ ಮಾರುಕಟ್ಟೆಗೆ ಬಂತು. ಅವತ್ತೂ ಒಂದನೇ ಕಾಲು ಗ್ರೌಂಡ್, ಎಂಟನೇದು ಸಪ್ಲೈ. ಇವತ್ತು ಎಸ್.ಪಿ. ರೋಡಲ್ಲಿ ಕೊಂಡರೂ ಅಷ್ಟೇ. ಪುಸ್ತಕದಲ್ಲಿ ಹೇಳಿದ ಹಾಗೆ 1 ಕಿಲೋ ಓಮ್, 10 ಕಿಲೋ ಓಮ್, 0.1 ಮೈಕ್ರೋಫ್ಯಾರಡ್ ಹಾಕು, ಸುಮಾರು 690 ಹರ್ಟ್ಸ್‌ನಲ್ಲಿ ಕುಯ್ ಅನ್ನುತ್ತೆ. ನಿನ್ನ ಫೋನಿನ ಆ್ಯಪ್ ಹೋದ ವರ್ಷ ಇದ್ದ ಹಾಗೆ ಈ ವರ್ಷ ಇದೆಯೇನೋ?"

ಹುಡುಗ ಸೋಲಲಿಲ್ಲ. ಟ್ಯಾಂಕ್ ತುಂಬಿದರೆ ಕೂಗುವ ಅಲಾರಂ ಅನ್ನು ಕಂಪ್ಯೂಟರಿನಲ್ಲೇ ಪರೀಕ್ಷಿಸಿ ಕಟ್ಟಿದ. ಕೆಲವು ವಾರ ಕೂಗಿತು; ಆಮೇಲೆ ನೀರು ಮಹಡಿಯಿಂದ ಸುರಿದರೂ ಗಪ್‌ಚಿಪ್. ರಾಯರು ಮಾತಾಡದೆ ಪುಸ್ತಕ ತೆರೆದು ಅಂಚು ತೋರಿಸಿದರು. ಅಚ್ಚಿನಲ್ಲಿ ಬಿ.ಸಿ. 109 ಟ್ರಾನ್ಸಿಸ್ಟರ್, ಪಕ್ಕದಲ್ಲಿ ಪೆನ್ಸಿಲಿನಲ್ಲಿ, "547 ಸಾಕು, ಕಾಲು ಅದಲುಬದಲು, ನೋಡಿ ಹಾಕು." ಕೆಳಗೆ, "ನೀರಲ್ಲಿ ಡಿ.ಸಿ. ಹರಿದರೆ ತಾಮ್ರದ ತಂತಿ ಸವೆಯುತ್ತೆ. ಸ್ಟೀಲ್ ಹಾಕು." ನೀರು ತಂತಿಯನ್ನು ತಿನ್ನುತ್ತದೆಂದು ಹುಡುಗ ಕಂಪ್ಯೂಟರಿಗೆ ಹೇಳಿರಲಿಲ್ಲ, ಅದೂ ಕೇಳಿರಲಿಲ್ಲ.

ಮಾವ ಅಳಿಯ ಸೇರಿ ಸ್ಟೀಲ್ ಹಾಕಿದರು. ಅಲಾರಂ ಮತ್ತೆ ಕೂಗಿತು. ಹಿಂದೆಯೇ ಅಡುಗೆಮನೆಯಿಂದ ಇನ್ನೊಂದು ಕೂಗು: "ರೀ, ಆರು ಚಮಚದಲ್ಲಿ ನಾಲ್ಕೇ ಇವೆಯಲ್ರೀ?"

ರಾಯರು ಪೆನ್ಸಿಲ್ ಎತ್ತಿಕೊಂಡು ಅದೇ ಪುಟದಲ್ಲಿ ಇನ್ನೊಂದು ಸಾಲು ಸೇರಿಸಿದರು: "ಚಮಚ ಬೇಡ. ಎಣಿಸುತ್ತಾರೆ."