‘ಬತ್ತೀನಿ’ ಎಂಬ ಕ್ರಿಯಾಪದದ ಆರು ಪಟ್ಟಿಕೆಗಳು: ಒಂದು ಜಗಲಿ ಅಧ್ಯಯನ

ಹೊಸಹೊಳಲಿನ ಲಕ್ಷ್ಮೀನಾರಾಯಣ ದೇವಾಲಯದ ಗೋಡೆಯ ಬುಡದಲ್ಲಿ ಕೆಳಗಿನಿಂದ ಮೇಲಕ್ಕೆ ಆನೆ, ಕುದುರೆ, ಬಳ್ಳಿ, ಪುರಾಣಕಥೆ, ಮಕರ, ಹಂಸ ಎಂದು ಆರು ಪಟ್ಟಿಕೆಗಳಿವೆ. ವಿದ್ವಾಂಸರು ಇವನ್ನು ಎಣಿಸಿ ಮುಗಿಸಿದ್ದಾರೆ. ಅದೇ ಊರಿನಲ್ಲಿ ನೆಂಟನೊಬ್ಬ ಎದ್ದು ಹೊರಡುವುದರಲ್ಲೂ ಇಷ್ಟೇ ಪಟ್ಟಿಕೆಗಳಿರುವುದು ಮಾತ್ರ ಅವರ ಕಣ್ಣಿಗೆ ಬಿದ್ದಿಲ್ಲ. ದೇವಸ್ಥಾನ ನೋಡಿ ಸೀದಾ ಕೆ.ಆರ್.ಪೇಟೆಗೆ ಹೊರಟುಬಿಟ್ಟವರಿಗೆ ಹೇಗೆ ಬೀಳಬೇಕು? ಯಾರ ಮನೆಯಲ್ಲೂ ಉಂಡವರಲ್ಲ.

ಮೊದಲು ವ್ಯಾಕರಣ. ಈ ಸೀಮೆಯಲ್ಲಿ ಹೋಗುವವನು ‘ಹೋಯ್ತೀನಿ’ ಅನ್ನಕೂಡದು, ‘ಬತ್ತೀನಿ’ ಅನ್ನಬೇಕು. ದೇವಾಲಯವೂ ಕೇಶಿರಾಜನ ‘ಶಬ್ದಮಣಿದರ್ಪಣ’ವೂ 13ನೆಯ ಶತಮಾನದವು, ಆದರೂ ಈ ಧಾತುಪಲ್ಲಟಕ್ಕೆ ಆತ ಸೂತ್ರ ಕಟ್ಟಲಿಲ್ಲ. ಪಾಪ, ಆತನೂ ಯಾರದೋ ಮನೆಯಿಂದ ಹೊರಟು ನಿಂತಿದ್ದನೇನೋ.

ಎರಡು ಹಿಟ್ಟು, ಮೇಲಷ್ಟು ಬಸ್ಸಾರು ಉಂಡವನು ಏಳುವುದೇ ಆನೆ ಪಟ್ಟಿಕೆ. ‘ಬಸ್ಸಿಗೆ ಹೊತ್ತಾಯ್ತು ಕಣತ್ತೆ’ ಎಂಬ ಹುಸಿ ಅವಸರ ಕುದುರೆಯದು. ಹಿತ್ತಲ ಸೋರೆಕಾಯಿ, ಹೀರೆಕಾಯಿ ಚೀಲ ಸೇರುವಾಗ ಬಳ್ಳಿ ಹಬ್ಬುತ್ತದೆ.

ನಾಲ್ಕನೆಯದರಲ್ಲೇ ಇರುವುದು ತಿರುಳು. ಮಧ್ಯಾಹ್ನವೆಲ್ಲ ನಡುಮನೆಯಲ್ಲಿ ಎದುರುಬದುರು ಕೂತು ಮಳೆ, ಕಬ್ಬು, ಟೀವಿ ಎಂದು ಹೊತ್ತು ಕಳೆದವರು, ಒಂದು ಕಾಲಿಗೆ ಚಪ್ಪಲಿ ಮೆಟ್ಟಿದ ಮೇಲೆ ಮಹಾಭಾರತ ತೆಗೆಯುತ್ತಾರೆ. ದಾಯಾದಿಗಳ ಭಾಗ, ಪಹಣಿಯಲ್ಲಿ ಬಿಟ್ಟುಹೋದ ಹೆಸರು, ಒತ್ತರಿಸಿದ ಗದ್ದೆ ಬದು, ಕಿರಿಮಗಳಿಗೆ ಬಂದ ಗಂಡು, ಎಲ್ಲವೂ ಹೊಸಿಲಾಚೆಗೇ. ಒಳಗೇ ಏಕೆ ಆಡಲಿಲ್ಲ? ಕೂತು ಆಡಿದರೆ ಅದು ಪಂಚಾಯ್ತಿ. ನಿಂತು ಆಡಿದರೆ ಬರೀ ಮಾತು. ಮಾತು ಕೆಟ್ಟರೆ ಇನ್ನೊಂದು ಚಪ್ಪಲಿಯನ್ನೂ ಮೆಟ್ಟಿ ಹೊರಟುಬಿಡಬಹುದು. ಈ ಒಂದೇ ಚಪ್ಪಲಿಯ ಸ್ಥಿತಿಯಲ್ಲಿ ಎಷ್ಟು ಸಂಬಂಧಗಳು ಕುದುರಿವೆ, ಎಷ್ಟು ಮುರಿದಿವೆ ಎಂದು ಲೆಕ್ಕವಿಟ್ಟವರಿಲ್ಲ.

ದೇವಾಲಯ ತ್ರಿಕೂಟ, ಗರ್ಭಗುಡಿ ಮೂರಿದ್ದರೂ ಶಿಖರ ನಡುವಿನದಕ್ಕೆ ಮಾತ್ರ. ಮನೆಯಲ್ಲೂ ತಾತ, ಮಾವ, ಅಜ್ಜಿ ಎಂದು ಮೂರು ಪೀಠ. ಗಂಡಸರಿಬ್ಬರು ಮುಕ್ಕಾಲು ಗಂಟೆ ಎಳೆದಾಡಿದ್ದನ್ನು ಅಜ್ಜಿ ಎಲೆಅಡಿಕೆ ಕುಟ್ಟುತ್ತಲೇ ‘ಆ ಗಂಡು ಬ್ಯಾಡ ಕನ್ಲಾ’ ಎಂದು ಮುಗಿಸುತ್ತಾಳೆ. ಶಿಖರ ಯಾರದೆಂಬ ಬಗ್ಗೆ ಪಂಡಿತರಲ್ಲಿ ಭಿನ್ನಾಭಿಪ್ರಾಯವಿಲ್ಲ.

ಅಷ್ಟರಲ್ಲಿ ಕಾಫಿ ಬರುತ್ತದೆ. ನೆಂಟ ಬೇಡ ಬೇಡವೆನ್ನುತ್ತಲೇ ಮಕರನಂತೆ ಬಾಯಿ ತೆರೆಯುತ್ತಾನೆ. ಬಸ್ಸು ಹೋದ ಸದ್ದೂ ಆಗಲೇ ಕೇಳುವುದು. ಹೆಂಗಸರಿಗೆ ಕುಂಕುಮವಿಟ್ಟ ಮೇಲೆ ರಸ್ತೆಯವರೆಗಿನ ಬೀಳ್ಕೊಡುಗೆ, ಅದು ಹಂಸನಡಿಗೆ. ಹತ್ತು ಹೆಜ್ಜೆಗೆ ಹತ್ತು ನಿಮಿಷ.

ಕೊನೆಗೊಮ್ಮೆ ‘ಬತ್ತೀನಿ’ ಎಂದದ್ದೇ ತಡ, ಕಂಕುಳಲ್ಲಿದ್ದ ಮೊಮ್ಮಗು ಒಂಟಿ ಸೀನು ಸೀನಿತು. ಎಲ್ಲರೂ ತಿರುಗಿ ಒಳಗೆ ಬಂದರು. ನೀರು ಕುಡಿದಾಯಿತು. ಪ್ರದಕ್ಷಿಣೆ ಮುಗಿಸಿದವನಿಗೆ ಮತ್ತೆ ಎದುರಾಗುವುದು ಆನೆಯೇ.

‘ಹೆಂಗೂ ಕೂತೆ, ಒಸಿ ಹಿಟ್ಟು ಉಳ್ಕಂಡದೆ. ಉಂಡ್ಕಂಡೇ ಹೋಗಪ್ಪ.’