ಮಾವನವರ ಗೋಡೆ ತಪಾಸಣೆ

ಮದುವೆ ಮನೆಯಲ್ಲಿ ವಧೂವರರ ತಲೆಯ ಮೇಲೆ ಅಕ್ಷತೆ ಹಾಕುವ ಮೊದಲು ಛತ್ರದ ಚಾವಣಿಯನ್ನೊಮ್ಮೆ ದಿಟ್ಟಿಸಿ ನೋಡುವವರನ್ನು ನೀವು ಕಂಡಿರುತ್ತೀರಿ. ಗಟ್ಟಿಮೇಳ ಮುಗಿಯುವಷ್ಟರಲ್ಲಿ ಅವರು ಪಕ್ಕದವರ ತೋಳು ತಟ್ಟಿ, ಬೀಮಿನ ಅಂಚಿನ ಬಿರುಕು ತೋರಿಸಿ, “ಕ್ಯೂರಿಂಗ್ ಸರಿಯಾಗಿ ಮಾಡಿಲ್ಲ” ಎಂದಿರುತ್ತಾರೆ. ಗೃಹಪ್ರವೇಶಕ್ಕೆ ಕರೆದರೆ ಹೋಮದ ಹೊಗೆ ಯಾವ ಕಿಟಕಿಯಿಂದ ಹೊರಗೆ ಹೋಗುತ್ತದೆ ಎಂದು ನೋಡಿ ಮನೆಯ ಗಾಳಿ-ಬೆಳಕಿನ ಬಗ್ಗೆ ತೀರ್ಪು ಕೊಡುತ್ತಾರೆ. ದೇವಸ್ಥಾನದಲ್ಲಿ ಪ್ರದಕ್ಷಿಣೆ ಹಾಕುತ್ತ ಬೆರಳ ಗೆಣ್ಣಿನಿಂದ ಗೋಡೆ ಕುಟ್ಟಿ ಸದ್ದು ಕೇಳುತ್ತಾರೆ. ಲೋಕೋಪಯೋಗಿ ಇಲಾಖೆಯ ನಿವೃತ್ತ ಎಂಜಿನಿಯರರ ಕುಲ ಇದು. ಇವರು ನಿವೃತ್ತರಾಗಿದ್ದಾರೆ ಎನ್ನುವುದಕ್ಕೆ ತಿಂಗಳು ತಿಂಗಳು ಬರುವ ಪಿಂಚಣಿ ಬಿಟ್ಟರೆ ಬೇರೆ ಸಾಕ್ಷಿಯಿಲ್ಲ.

ನನಗೆ ಇಂಥವರೊಬ್ಬರು ಮದುವೆಯ ಜೊತೆಗೇ ಬಂದರು. ನನ್ನ ಮಾವ. ಹೆಣ್ಣು ನೋಡಲು ಹೋದ ದಿನ ಹುಡುಗಿ ಕಾಫಿ ತಂದಳು. ಮಾವ ನಮ್ಮಪ್ಪನಿಗೆ ತಮ್ಮ ಮನೆಯ ಸಂಪಿನ ಗಾರೆಯ ಅಳತೆ ವಿವರಿಸುತ್ತಿದ್ದರು. ಸಂಬಂಧ ಕುದುರಿದ್ದು ಅಲ್ಲಿಯೇ ಎಂದು ನಮ್ಮಪ್ಪ ಈಗಲೂ ಹೇಳುತ್ತಾರೆ.

ಬೇಸಿಗೆಯಲ್ಲಿ ಅತ್ತೆ-ಮಾವ ಲಂಡನ್ನಿಗೆ ಮಗಳ ಮನೆಗೆ ಬಂದಾಗ ಎಲ್ಲರೂ ನೋಡುವ ಜಾಗಗಳು ಬೇಗ ಮುಗಿದವು. ಬಕಿಂಗ್‌ಹ್ಯಾಂ ಅರಮನೆಯ ಮುಂದೆ ಜನವೆಲ್ಲ ಕಾವಲುಗಾರರ ಕರಡಿಗೂದಲ ಟೋಪಿ ನೋಡುತ್ತಿದ್ದರೆ ಮಾವ ಮಳೆನೀರಿನ ಕೊಳವೆ ಹುಡುಕುತ್ತಿದ್ದರು. ಕೊನೆಗೆ ನನ್ನ ಹೆಂಡತಿ ಈಸ್ಟ್ ಲಂಡನ್ನಿನ ಬೀದಿಚಿತ್ರಗಳ ನಡಿಗೆಗೆ ಹೆಸರು ಬರೆಸಿದಳು. ಗೈಡ್ ಒಬ್ಬ ಮುಂದೆ ನಡೆಯುತ್ತಾನೆ, ಗೋಡೆ ಗೋಡೆಗೂ ನಿಲ್ಲಿಸಿ ಕತೆ ಹೇಳುತ್ತಾನೆ, ಮುಗಿದ ಮೇಲೆ ನಮಗೆ ತೋಚಿದಷ್ಟು ಹಣ ಕೊಡಬೇಕು.

“ಗೋಡೆ ಮೇಲೆ ಗೀಚಿರೋದನ್ನ ನೋಡೋಕೆ ದುಡ್ಡೇ?” ಎಂದರು ಮಾವ. “ನಾವು ಅಳಿಸೋಕೆ ದುಡ್ಡು ಕೊಡ್ತಿದ್ವಲ್ಲ ಇವ್ರೇ!”

ಆದರೆ ನಡಿಗೆ ಬ್ರಿಕ್ ಲೇನ್ ಕಡೆ ಎಂದೊಡನೆ ಕಿವಿ ನಿಮಿರಿತು. ಹದಿನೈದನೇ ಶತಮಾನದಿಂದಲೇ ಆ ಜಾಗದ ಮಣ್ಣು ತೆಗೆದು ಇಟ್ಟಿಗೆ-ಹೆಂಚು ಸುಡುತ್ತಿದ್ದರಂತೆ ಎಂದು ನಾನು ಹೇಳಿದ್ದೇ ತಡ, ಅರ್ಧ ತೋಳಿನ ಸ್ವೆಟರ್ ತೊಟ್ಟು, ಮಗಳು ಕೊಡಿಸಿದ ಬಿಳೀ ಶೂ ಕಟ್ಟಿಕೊಂಡು, ಜೇಬಿಗೆ ಪೆನ್ನು ಸಿಕ್ಕಿಸಿ ಬಾಗಿಲಲ್ಲಿ ನಿಂತರು. ಸೈಟ್ ಇನ್‌ಸ್ಪೆಕ್ಷನ್‌ಗೆ ಹೊರಟ ಗತ್ತು.

ಗೈಡ್ ಇಪ್ಪತ್ತು ದಾಟಿದ ಹುಡುಗ. ಕಿವಿಯಲ್ಲಿ ರಿಂಗು, ಉಗುರಿನ ಸಂದಿಯಲ್ಲಿ ನೀಲಿ ಬಣ್ಣ. ಅವನೂ ಗೋಡೆಗೆ ಬರೆಯುವವನೇ. ಗುಂಪಿನಲ್ಲಿ ಜರ್ಮನಿಯ ಇಬ್ಬರು ಹೆಂಗಸರು, ಸ್ಪೇನಿನ ದಂಪತಿ, ಕಾಲೇಜು ಹುಡುಗಿಯರು. ಎಲ್ಲರ ಕೈಯಲ್ಲೂ ಮೊಬೈಲು ಆಗಲೇ ಎತ್ತಿ ಹಿಡಿದು ಸಿದ್ಧವಾಗಿತ್ತು.

ಹ್ಯಾನ್‌ಬರಿ ರಸ್ತೆಯಲ್ಲಿ ಕಟ್ಟಡದ ಪಕ್ಕದ ಗೋಡೆಯಷ್ಟಕ್ಕೂ ಒಂದೇ ಹಕ್ಕಿ. ಬೆಲ್ಜಿಯಂನ ರೋವಾ ಎಂಬ ಕಲಾವಿದ 2010ರಲ್ಲಿ ಬರೆದದ್ದು. ಬಣ್ಣದ ಗೊಡವೆಯಿಲ್ಲ, ಬರೀ ಕಪ್ಪು-ಬಿಳುಪು. ಒಂದೊಂದು ಗರಿಯನ್ನೂ ಗೆರೆಯ ಮೇಲೆ ಗೆರೆ ಎಳೆದು ಎಬ್ಬಿಸಿದ್ದಾನೆ. ರೋವಾ ಬರೆಯಲು ಶುರು ಮಾಡಿದ್ದು ಬಕಪಕ್ಷಿಯನ್ನಂತೆ. ಕೆಳಗೆ ಓಡಾಡುವ ಬಂಗಾಳಿಗಳು “ಇದು ಸಾರಸವೇ?” ಎಂದು ಕೇಳತೊಡಗಿದರು, ಸಾರಸ ಅವರಿಗೆ ಪೂಜ್ಯ. ಅದನ್ನು ತಿಳಿದು ಅವನು ಬಕವನ್ನು ಸಾರಸ ಮಾಡಿಬಿಟ್ಟ. ಗುಂಪು ತಲೆದೂಗಿತು.

ಮಾವ ಗಂಟಲು ಸರಿಮಾಡಿಕೊಂಡರು. ಅವರ ಇಂಗ್ಲಿಷು ಕಡತದ ಇಂಗ್ಲಿಷು. “ಕೈಂಡ್ಲಿ ಕ್ಲಾರಿಫೈ. ಹೂ ಈಸ್ ದಿ ಕಾಂಪಿಟೆಂಟ್ ಅಥಾರಿಟಿ?”

ಹುಡುಗ ಕಣ್ಣು ಪಿಳುಕಿಸಿದ. ಮಾವ ನನ್ನ ಕಡೆ ತಿರುಗಿದರು. “ಮಧ್ಯೆ ಡಿಸೈನ್ ಬದಲಾಯಿಸಿದ್ರೆ ರಿವೈಸ್ಡ್ ಎಸ್ಟಿಮೇಟ್ ಹಾಕ್ಬೇಕು. ಬಕ ಸ್ಯಾಂಕ್ಷನ್ ಮಾಡಿಸ್ಕೊಂಡು ಸಾರಸ ಕಟ್ಟೋಕಾಗುತ್ತಾ? ಆಡಿಟ್‌ನಲ್ಲಿ ಸಿಕ್ಕಿ ಬೀಳ್ತಾನೆ.” ಆಮೇಲೆ ಗೋಡೆಯ ಬುಡಕ್ಕೆ ಹೋಗಿ ಬಗ್ಗಿದರು. ಅಲ್ಲಿ ತೇವದ ಕಲೆ ಇತ್ತು. “ಹಕ್ಕಿಗೆ ಕಾಲಿಂದ್ಲೇ ಕಾಯಿಲೆ ಶುರುವಾಗಿದೆ” ಎಂದು ವರದಿ ಕೊಟ್ಟರು.

ಪ್ರಿನ್ಸ್‌ಲೆಟ್ ರಸ್ತೆಯಲ್ಲಿ ಸ್ಟಿಕ್ ಎಂಬ ಕಲಾವಿದನ ಚಿತ್ರ. ಕಡ್ಡಿ ಕೈಕಾಲಿನ ಎರಡು ಆಕೃತಿಗಳು ಕೈ ಹಿಡಿದು ನಿಂತಿವೆ. ಒಂದು ನಿಖಾಬ್ ಧರಿಸಿದೆ. ಇಷ್ಟು ಕಡಿಮೆ ಗೆರೆಯಲ್ಲಿ ಇಷ್ಟು ಸಲುಗೆ ಹೇಗೆ ಮೂಡಿತು ಎಂದು ನಾನು ಬೆರಗಾಗಿ ನಿಂತಿದ್ದೆ. ತಿರುಗಿ ನೋಡಿದರೆ ಮಾವ ಇಲ್ಲ. ಆಚೆಗೆ ಹದಿನೆಂಟನೇ ಶತಮಾನದಲ್ಲಿ ರೇಷ್ಮೆ ನೇಯುವವರು ಬಾಳಿದ ಮನೆಗಳ ಸಾಲಿದೆ. ಅದರಲ್ಲೊಂದರ ಮುಂಗೋಡೆಗೆ ಮೂಗು ತಾಗಿಸುವಷ್ಟು ಹತ್ತಿರ ನಿಂತು, ಸಂದಿನ ಗಾರೆಯ ಮೇಲೆ ತೋರುಬೆರಳು ಆಡಿಸುತ್ತ, ಜಪದ ಹಾಗೆ ಹೇಳಿಕೊಳ್ಳುತ್ತಿದ್ದರು: “ಹೆಡ್ಡರ್, ಸ್ಟ್ರೆಚರ್... ಹೆಡ್ಡರ್, ಸ್ಟ್ರೆಚರ್...”

ಒಂದು ಇಟ್ಟಿಗೆಯ ತಲೆ, ಪಕ್ಕದಲ್ಲಿ ಇನ್ನೊಂದರ ಮೈ, ಒಂದೇ ವರಸೆಯಲ್ಲಿ ಬಿಟ್ಟು ಬಿಟ್ಟು ಬಂದರೆ ಅದು ಫ್ಲೆಮಿಶ್ ಬಾಂಡ್. ಒಂದು ವರಸೆ ಪೂರ್ತಿ ತಲೆ, ಮೇಲಿನದು ಪೂರ್ತಿ ಮೈ ಆದರೆ ಇಂಗ್ಲಿಷ್ ಬಾಂಡ್. ರಂಗ್‌ವಾಲಾ ಪುಸ್ತಕದಲ್ಲಿ ಇದರ ಚಿತ್ರ ಬರೆದು ಬರೆದೇ ಮಾವ ಪಾಸಾದದ್ದು. ನೆಟ್ಟಗೆ ಕೂತ ಇಟ್ಟಿಗೆ, ಹೊಗೆ ಕುಡಿದು ಕಂದಿದ ಹಳದಿ, ಸಾಸಿವೆಯಷ್ಟೂ ಅಲುಗದ ಸಂದು. ಅವರ ಕಣ್ಣು ಹೊಳೆಯುತ್ತಿತ್ತು. ತುಸು ಹೊತ್ತಿಗೆ ಅದರಲ್ಲಿ ಅನುಮಾನ ಇಣುಕಿತು.

“ಅಲ್ಲಾ ಇವ್ರೇ, ಬೆಳಿಗ್ಗೆಯಿಂದ ನೋಡ್ತಿದ್ದೀನಿ, ಎಲ್ಲಾ ಮನೆ ಮುಂದೂ ಫ್ಲೆಮಿಶ್ಶೇ. ಇಂಗ್ಲೆಂಡಿನಲ್ಲಿ ಇಂಗ್ಲಿಷ್ ಬಾಂಡ್ ಎಲ್ಲಿಟ್ಟಿದಾರೆ?”

ಅಷ್ಟರಲ್ಲಿ ಗುಂಪು ಅವರ ಹಿಂದೆ ಬಂದು ನಿಂತಿತ್ತು. ಇಷ್ಟು ಹತ್ತಿರದಿಂದ ನೋಡುತ್ತಿದ್ದಾರೆಂದರೆ ಯಾವುದೋ ಸೂಕ್ಷ್ಮ ಕಲಾಕೃತಿಯೇ ಇರಬೇಕೆಂದು ಜರ್ಮನಿಯ ಹೆಂಗಸೊಬ್ಬರು ಆ ಇಟ್ಟಿಗೆಗಳ ಫೋಟೊ ತೆಗೆದರು. ಸ್ಪೇನಿನವರೂ ತೆಗೆದರು. ಗೈಡ್ ಪಾಪ, ತಾನೂ ಒಂದು ತೆಗೆದಿಟ್ಟುಕೊಂಡ.

ಬ್ರಿಕ್ ಲೇನ್ ಮಸೀದಿಯ ಮುಂದೆ ಮಾತ್ರ ಮಾವ ಪೂರ್ಣಾಂಕ ಕೊಟ್ಟರು. ಫ್ರಾನ್ಸಿನಿಂದ ಓಡಿಬಂದ ಹ್ಯೂಗೆನೊ ಪ್ರಾಟೆಸ್ಟಂಟರು 1743ರಲ್ಲಿ ಕಟ್ಟಿದ ಪ್ರಾರ್ಥನಾ ಮಂದಿರ. ಮುಂದೆ ಮೆಥಡಿಸ್ಟರದಾಯಿತು, 1898ರಲ್ಲಿ ಯಹೂದಿಗಳ ಸಿನಗಾಗ್, 1976ರಿಂದ ಮಸೀದಿ. “ನಾಲ್ಕು ಇಲಾಖೆಗೆ ಹ್ಯಾಂಡ್ ಓವರ್ ಆದ್ರೂ ಬಿಲ್ಡಿಂಗ್ ಅದೇ! ನಮ್ಮಲ್ಲಿ ತಹಸೀಲ್ದಾರ್ ಬದಲಾದ್ರೆ ಸಾಕು, ಟಾಯ್ಲೆಟ್ ಒಡೆದು ಕಟ್ಟಿಸ್ತಾರೆ.”

ಅಲ್ಲಿಂದ ಶೋರ್‌ಡಿಚ್ ಕಡೆ. ಅಲ್ಲಿ ಕ್ರಿಸ್ಟಿಯಾನ್ ನಾಗೆಲ್ ಎಂಬ ಕಲಾವಿದ ಪಾಲಿಯುರೆಥೇನ್‌ನಲ್ಲಿ ದೊಡ್ಡ ದೊಡ್ಡ ಬಣ್ಣದ ಅಣಬೆಗಳನ್ನು ಮಾಡಿ ಕಟ್ಟಡಗಳ ನೆತ್ತಿಯ ಮೇಲೆ ಕೂರಿಸಿದ್ದಾನೆ. ಎಲ್ಲರೂ ಮೇಲೆ ನೋಡಿ ನಕ್ಕರು. ಮಾವನಿಗೆ ಕಂಡದ್ದು ಪ್ಯಾರಾಪೆಟ್ ಗೋಡೆಯ ಮೇಲೆ ಅಣಬೆ. ಮಲೆನಾಡಿನ ಕ್ವಾರ್ಟರ್ಸ್‌ಗಳನ್ನು ಕಂಡ ಜೀವ. “ವಾಟರ್ ಪ್ರೂಫಿಂಗ್ ಫೇಲ್” ಎಂದರು. ಪ್ಲಾಸ್ಟಿಕ್ ಮಾವ, ಕಲಾವಿದ ಅಂಟಿಸಿದ್ದು ಎಂದೆ. “ಯಾರಾದ್ರೂ ಅಂಟಿಸ್ಲಿ, ಕೆಳಗೆ ನೀರು ನಿಲ್ಲುತ್ತೆ.”

ರಿವಿಂಗ್ಟನ್ ರಸ್ತೆಯ ಬ್ಯಾಂಕ್ಸಿ ಚಿತ್ರದ ಮುಂದೆ ಎಲ್ಲರ ದನಿಯೂ ತಗ್ಗಿತು. ಪೊಲೀಸನೊಬ್ಬ ಗುಂಗುರುಗೂದಲ ಪೂಡಲ್ ನಾಯಿ ಹಿಡಿದು ನಿಂತಿದ್ದಾನೆ. ಜೊತೆಗೆ, ಈ ಗೋಡೆ ಗೀಚಲು ಮೀಸಲು ಎನ್ನುವ, ಸರ್ಕಾರಿ ಫಲಕದಂತೆಯೇ ತೋರುವ ಒಕ್ಕಣೆ. ಅದನ್ನು ಬರೆದವನೂ ಬ್ಯಾಂಕ್ಸಿಯೇ. ಈಗ ಇದನ್ನು ಬೇರೆಯವರು ಗೀಚದಿರಲೆಂದು ಪಾರದರ್ಶಕ ಹಾಳೆ ಹೊದಿಸಿದ್ದಾರೆ. ಮಾವ ಫಲಕ ಓದಿದರು, ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದರು. “ದಿನಾಂಕ ಇಲ್ಲ. ಬೋಗಸ್.”

ಗೈಡ್ ಅಲ್ಲಿಯೇ ಓಲ್ಡ್ ಸ್ಟ್ರೀಟ್ ಕತೆಯನ್ನೂ ಹೇಳಿದ. ‘ಪಲ್ಪ್ ಫಿಕ್ಷನ್’ ಸಿನಿಮಾದ ಇಬ್ಬರು ಪಿಸ್ತೂಲಿನ ಬದಲು ಬಾಳೆಹಣ್ಣು ಹಿಡಿದ ಬ್ಯಾಂಕ್ಸಿಯ ಹೆಸರಾಂತ ಚಿತ್ರವನ್ನು 2007ರಲ್ಲಿ ಸಾರಿಗೆ ಸಂಸ್ಥೆಯ ಕೆಲಸಗಾರರು ಬಣ್ಣ ಬಳಿದು ಮುಚ್ಚಿದರು. ಅದರ ಬೆಲೆ ಮೂರು ಲಕ್ಷ ಪೌಂಡಿಗೂ ಮೇಲೆಂದು ಪತ್ರಿಕೆಗಳು ಬರೆದವು. ನಮ್ಮವರು ಸ್ವಚ್ಛ ಮಾಡುವವರು, ಕಲಾವಿಮರ್ಶಕರಲ್ಲ ಎಂಬರ್ಥದ ಉತ್ತರ ಸಂಸ್ಥೆಯಿಂದ ಬಂತು. ಎಲ್ಲರೂ ಲೊಚಗುಟ್ಟಿದರು. ಮಾವ ಒಬ್ಬರೇ ಚಪ್ಪಾಳೆ ತಟ್ಟಿದರು. “ಬಹಳ ಸರಿಯಾದ ಎಂಡಾರ್ಸ್‌ಮೆಂಟ್!”

ನನಗೆ ಯಾಕೋ ಕೀಟಲೆ ಬುದ್ಧಿ ಬಂತು. ನಮ್ಮ ಬೆಂಗಳೂರಿನಲ್ಲೂ ಇಂಥವರಿದ್ದಾರೆ ಎಂದು ಗುಂಪಿಗೆ ಬಾದಲ್ ನಂಜುಂಡಸ್ವಾಮಿಯವರ ಕತೆ ಹೇಳಿದೆ. 2015ರಲ್ಲಿ ಸುಲ್ತಾನ್‌ಪಾಳ್ಯದ ರಸ್ತೆಗುಂಡಿಯಲ್ಲಿ ಮೊಸಳೆ ಬಿಟ್ಟದ್ದು. 2019ರಲ್ಲಿ ಹೇರೋಹಳ್ಳಿಯ ಗುಂಡಿಗಳ ನಡುವೆ ಗಗನಯಾತ್ರಿಯ ದಿರಿಸಿನಲ್ಲಿ ಒಬ್ಬರನ್ನು ಚಂದ್ರನ ಮೇಲೆ ನಡೆದಂತೆ ನಡೆಸಿ ವಿಡಿಯೊ ಮಾಡಿದ್ದು. ಅದು ಲೋಕವೆಲ್ಲ ಹರಡಿ ರಿಪೇರಿಯವರು ಓಡಿ ಬಂದದ್ದು. ಗುಂಪು ಗೊಳ್ಳೆಂದು ನಕ್ಕಿತು. ನಿಮ್ಮ ಮಾವನವರು ಅಲ್ಲಿ ಎಂಜಿನಿಯರ್ ಆಗಿದ್ದರಲ್ಲವೇ ಎಂದು ಗೈಡ್ ಮುಗ್ಧವಾಗಿ ಕೇಳಿದ.

ಇಡೀ ನಡಿಗೆಯಲ್ಲಿ ಮೊದಲ ಬಾರಿಗೆ ಮಾವ ಆಕಾಶ ನೋಡಿದರು. “ಅದು ಕಾರ್ಪೊರೇಷನ್ ರಸ್ತೆ. ನಮ್ಮ ಇಲಾಖೆದಲ್ಲ.”

ಆಮೇಲೆ ಮಾತಿಲ್ಲ. ಮನೆಗೆ ಹೋದ ಮೇಲೆ ನನಗೆ ಏನು ಕಾದಿದೆಯೋ ಎಂದುಕೊಂಡೇ ನಡೆದೆ. ನನ್ನ ಪುಣ್ಯಕ್ಕೆ ಒಂದು ಹಳೇ ಗೋಡೆಯ ಬುಡ ಕಾಪಾಡಿತು. ಮಾವ ಗಕ್ಕನೆ ನಿಂತು, ಕುಕ್ಕರಗಾಲಲ್ಲಿ ಕೂತು, ಕರವಸ್ತ್ರದಿಂದ ಕಲ್ಲಿನ ಧೂಳು ಒರೆಸಿದರು. ಉಳಿಯಲ್ಲಿ ಕೊರೆದ ಒಂದು ಅಡ್ಡಗೆರೆ, ಅದರಡಿ ಕಾಗೆಯ ಹೆಜ್ಜೆಯಂಥ ಮೂರು ಗೀರು.

“ಬೆಂಚ್ ಮಾರ್ಕ್!” ಧ್ವನಿ ನಡುಗುತ್ತಿತ್ತು. ಜೇಬಿನ ಪೆನ್ನು ತೆಗೆದು ಅಳತೆಗೆಂದು ಗುರುತಿನ ಪಕ್ಕ ಇಟ್ಟು, ಆ ದಿನದ ಮೊದಲ ಫೋಟೊ ತೆಗೆದರು. ಬ್ರಿಟನ್ನಿನ ಆರ್ಡ್‌ನೆನ್ಸ್ ಸರ್ವೆಯವರು ದೇಶದ ಉದ್ದಗಲಕ್ಕೂ ಚರ್ಚು, ಸೇತುವೆ, ಮನೆಗೋಡೆಗಳ ಮೇಲೆ ಕೊರೆದಿಟ್ಟ ಗುರುತು ಇದು. ಆ ಅಡ್ಡಗೆರೆ ಸಮುದ್ರಮಟ್ಟದಿಂದ ಎಷ್ಟು ಎತ್ತರ ಎನ್ನುವುದು ಅವರ ದಫ್ತರದಲ್ಲಿರುತ್ತದೆ. ಮಾವ ಲೆವೆಲಿಂಗ್ ಪಾಠ ಶುರು ಮಾಡಿದರು. ಇದೇ ಬೀದಿಯಲ್ಲಿ ದಿನಾ ಓಡಾಡುವ ಗೈಡ್ ಅದನ್ನು ಕಂಡೇ ಇರಲಿಲ್ಲ. ಬಾಯಿ ತೆರೆದು ಕೇಳಿದ. ಕೇಳಿಯಾದ ಮೇಲೆ, ಕಂಡವರ ಗೋಡೆಗೆ, ಹೆಸರು ಹಾಕದೆ, ದೇಶದ ತುಂಬ ಒಂದೇ ಗುರುತು ಕೊರೆದಿದ್ದಾರೆಂದರೆ ಎಲ್ಲರಿಗಿಂತ ದೊಡ್ಡ ಗ್ರಾಫಿಟಿ ಗ್ಯಾಂಗು ಸರ್ವೆ ಇಲಾಖೆಯೇ ಎಂದುಬಿಟ್ಟ.

“ದೇ ಆರ್ ಗೆಜೆಟೆಡ್ ಆಫೀಸರ್ಸ್!” ಎಂದು ಮಾವ ಸಿಡುಕಿದರು. ಆದರೆ ಹುಡುಗನ ಬೆನ್ನು ತಟ್ಟಿದ್ದನ್ನು ನಾನು ಕಂಡೆ.

ನಡಿಗೆ ಮುಗಿಯಿತು. ಹುಡುಗ ಟೋಪಿ ಮುಂದೆ ಹಿಡಿದ. ನಾನು ನೋಟು ತೆಗೆಯುವಷ್ಟರಲ್ಲಿ ಮಾವ ಕೈ ಅಡ್ಡ ಹಿಡಿದು ಕಿವಿಯಲ್ಲಿ ಉಸುರಿದರು.

“ಪೂರ್ತಿ ಕೊಡ್ಬೇಡಿ. ಐದು ಪರ್ಸೆಂಟ್ ಡಿಪಾಜಿಟ್ ಹಿಡ್ಕೊಳ್ಳಿ. ಒಂದು ಮಳೆಗಾಲ ಕಳೀಲಿ, ಆ ಪೇಂಟು ನಿಲ್ಲುತ್ತೋ ಇಲ್ವೋ ನೋಡಿ ರಿಲೀಸ್ ಮಾಡೋಣ.”

“ಮಾವ, ಇಲ್ಲಿ ವರ್ಷವೆಲ್ಲ ಮಳೆ.”

“ಹಾಗಾದ್ರೆ ಮುಟ್ಟುಗೋಲು ಹಾಕ್ಕೊಳ್ಳಿ” ಎಂದು ಹೇಳಿ, ಛತ್ರಿ ಬಿಚ್ಚಿಕೊಂಡು ಸ್ಟೇಷನ್ ಕಡೆ ನಡೆದರು.